ಹೊಸ ಕಾಲ್ ಆಫ್ ಡ್ಯೂಟಿ ಬರಲಿ, ನಮ್ಮ ಸ್ಕ್ವಾಡ್ ಉಳೀತದಾ?

ದೀಪಾವಳಿ ಹತ್ತಿರ ಬಂತು ಅಂದ್ರೆ ಕುಂದಾಪುರ, ಬೈಂದೂರು, ಬ್ರಹ್ಮಾವರದ ಕಡೆ ಮೇಳಗಳ ಸುದ್ದಿ ಶುರು. ಈ ಸಲ ಯಾವ ಕಲಾವಿದ ಯಾವ ಮೇಳಕ್ಕೆ, ಪೆರ್ಡೂರಿನವರ ಹೊಸ ಪ್ರಸಂಗ ಯಾವುದು, ಸಾಲಿಗ್ರಾಮದವರದ್ದು ಯಾವುದು ಅಂತ ಅಂಗಡಿ ಜಗಲಿಯಿಂದ ವಾಟ್ಸಾಪ್ ತನಕ ಚರ್ಚೆ. ಅದೇ ಹೊತ್ತಿಗೆ ನಮ್ಮ ವಯಸ್ಸಿನವರ ಗ್ರೂಪುಗಳಲ್ಲಿ ಇನ್ನೊಂದು ಪ್ರಶ್ನೆ ಬಂದು ಬೀಳುತ್ತದೆ: "ಹೊಸ ಕಾಲ್ ಆಫ್ ಡ್ಯೂಟಿ ತಕಂಬುದಾ, ಬ್ಯಾಡ್ದಾ?" ನಮ್ಮ ಕಡೆ ಯಕ್ಷಗಾನಕ್ಕೂ ಹೆಸರು ಆಟವೇ. ಹಾಗಾಗಿ ಎರಡೂ ಚರ್ಚೆ ಆಟದ್ದೇ ಅನ್ನಿ.

2026ರ ಸೀಸನ್‌ಗೆ ಇನ್ನೂ ಸಮಯ ಇದೆ. ಆದರೆ ಟ್ರೇಲರ್ ಬಂದ ರಾತ್ರಿ, ಪ್ರೀ-ಆರ್ಡರ್ ಬಟನ್ ಎದುರಿಗೆ ಇಟ್ಟುಕೊಂಡು ಯೋಚನೆ ಮಾಡುವುದಕ್ಕಿಂತ ಈಗಲೇ ತಣ್ಣಗೆ ಕೂತು ಯೋಚಿಸುವುದು ಒಳ್ಳೇದು. ಹಾಗಾಗಿ ಈ ಸಲದ ಅಂಕಣ ಅದರ ಬಗ್ಗೆ.

ಮೂರು ಮೇಳ, ಒಂದೇ ಹೆಸರು

ಮೊದಲ ಕಾಲ್ ಆಫ್ ಡ್ಯೂಟಿ ಬಂದದ್ದು 2003ರ ಅಕ್ಟೋಬರ್‌ನಲ್ಲಿ. ಎರಡನೇ ಮಹಾಯುದ್ಧದ ಕಥೆ, ಇನ್ಫಿನಿಟಿ ವಾರ್ಡ್ ಎಂಬ ಸ್ಟುಡಿಯೋದ್ದು. 2007ರ ಮಾಡರ್ನ್ ವಾರ್‌ಫೇರ್ ಯುದ್ಧವನ್ನು ಇವತ್ತಿನ ಕಾಲಕ್ಕೆ ತಂದಿತು. ಇಂಜಿನಿಯರಿಂಗ್ ಹಾಸ್ಟೆಲ್‌ಗಳಲ್ಲಿ ಪೆನ್‌ಡ್ರೈವ್‌ನಿಂದ ಪೆನ್‌ಡ್ರೈವ್‌ಗೆ ಹೋಗಿ ಲ್ಯಾನ್ ಮೇಲೆ ನಡೆಯುತ್ತಿದ್ದ ಆಟ ಅದೇ. 2005ರಿಂದ ಈಚೆಗೆ ಒಂದು ವರ್ಷವೂ ತಪ್ಪದೆ ಹೊಸದೊಂದು ಬಂದಿದೆ.

ವರ್ಷಕ್ಕೊಂದು ಹೇಗೆ ಸಾಧ್ಯ ಅಂದರೆ, ಮಾಡುವವರು ಒಬ್ಬರಲ್ಲ. ಇನ್ಫಿನಿಟಿ ವಾರ್ಡ್, ಟ್ರೆಯಾರ್ಕ್, ಸ್ಲೆಡ್ಜ್‌ಹ್ಯಾಮರ್ ಅಂತ ಮುಖ್ಯವಾಗಿ ಮೂರು ಸ್ಟುಡಿಯೋಗಳು ಸರದಿ ಮೇಲೆ ಮಾಡುತ್ತವೆ. ಯಜಮಾನ ಒಬ್ಬನೇ, ಆಕ್ಟಿವಿಷನ್. 2023ರ ಅಕ್ಟೋಬರ್‌ನಿಂದ ಅದಕ್ಕೂ ಮೇಲೆ ಮೈಕ್ರೋಸಾಫ್ಟ್. ನಮ್ಮ ಡೇರೆ ಮೇಳಗಳು ಸೀಸನ್‌ಗೊಂದು ಹೊಸ ಪ್ರಸಂಗ ಕಟ್ಟಿಕೊಂಡು ತಿರುಗಾಟಕ್ಕೆ ಹೊರಡುವ ಹಾಗೆಯೇ ಇದು. ಹೊರಡುವ ಕಾಲವೂ ಹೆಚ್ಚು ಕಮ್ಮಿ ಅದೇ, ಅಕ್ಟೋಬರ್-ನವೆಂಬರ್.

ನಮ್ಮಲ್ಲಿ ಇನ್ನೊಂದು ಬಗೆಯ ಮೇಳವೂ ಉಂಟಲ್ಲ, ಮಂದಾರ್ತಿ, ಮಾರಣಕಟ್ಟೆಯಂಥದ್ದು? ಅಲ್ಲಿ ಹರಕೆ ಆಟ. ನೋಡುವವರಿಗೆ ಟಿಕೆಟ್ ಇಲ್ಲ, ಖರ್ಚು ಹರಕೆ ಹೊತ್ತವರದ್ದು. 2020ರ ಮಾರ್ಚ್‌ನಲ್ಲಿ ಬಂದ ವಾರ್‌ಝೋನ್ ಥೇಟ್ ಹಾಗೆ. ಆಡುವುದಕ್ಕೆ ದುಡ್ಡಿಲ್ಲ, ಬಂದೂಕಿಗೆ ಬಣ್ಣ, ಸೈನಿಕನಿಗೆ ವೇಷ ಕೊಳ್ಳುವವರು ಇಡೀ ಆಟದ ಖರ್ಚು ಹೊರುತ್ತಾರೆ.

ಕಂಪನಿಯೇ ಒಪ್ಪಿಕೊಂಡ ಸುಸ್ತು

2022ರಲ್ಲಿ ಮಾಡರ್ನ್ ವಾರ್‌ಫೇರ್ 2, ಮರುವರ್ಷವೇ ಮಾಡರ್ನ್ ವಾರ್‌ಫೇರ್ 3. 2024ರಲ್ಲಿ ಬ್ಲ್ಯಾಕ್ ಆಪ್ಸ್ 6, ಮರುವರ್ಷ ನವೆಂಬರ್ 14ಕ್ಕೆ ಬ್ಲ್ಯಾಕ್ ಆಪ್ಸ್ 7. ಒಂದೇ ಕಥೆಯ ಬಾಲ ಹಿಡಿದು ಬೆನ್ನುಬೆನ್ನಿಗೆ ಎರಡೆರಡು. ಬ್ಲ್ಯಾಕ್ ಆಪ್ಸ್ 7ರ ಕಥಾಭಾಗವನ್ನು ನಾಲ್ಕು ಜನ ಸೇರಿ ಆಡುವ ಹಾಗೆ ಮಾಡಿದ್ದರು. ಒಬ್ಬನೇ ಆಡಿದರೂ ಇಂಟರ್ನೆಟ್ ಬೇಕೇ ಬೇಕು, ಪಾಸ್ ಮಾಡುವ ಹಾಗಿಲ್ಲ. ಮಳೆಗಾಲದಲ್ಲಿ ಗಾಳಿ ಬೀಸಿದ ಕೂಡಲೇ ಕರೆಂಟ್ ಹೋಗುವ ಊರಿನವರಿಗೆ ಇದು ಎಂಥ ಶಿಕ್ಷೆ ಅಂತ ಹೇಳಬೇಕಾಗಿಲ್ಲ. ಅದಕ್ಕೆ ಒಂದು ತಿಂಗಳು ಮೊದಲು ಬಂದ ಎದುರಾಳಿ ಬ್ಯಾಟಲ್‌ಫೀಲ್ಡ್ 6 ಮೂರೇ ದಿನದಲ್ಲಿ 70 ಲಕ್ಷಕ್ಕೂ ಹೆಚ್ಚು ಪ್ರತಿ ಮಾರಿತ್ತು.

ಡಿಸೆಂಬರ್‌ನಲ್ಲಿ ಆಕ್ಟಿವಿಷನ್ ಒಂದು ಮಾತು ಹೇಳಿತು: ಮಾಡರ್ನ್ ವಾರ್‌ಫೇರ್ ಆಗಲಿ ಬ್ಲ್ಯಾಕ್ ಆಪ್ಸ್ ಆಗಲಿ, ಇನ್ನು ಮುಂದೆ ಬೆನ್ನುಬೆನ್ನಿಗೆ ಬರುವುದಿಲ್ಲ. ಗಮನಿಸಿ, ವರ್ಷಕ್ಕೊಂದು ಆಟ ನಿಲ್ಲಿಸುತ್ತೇವೆ ಅಂತ ಅವರು ಹೇಳಲಿಲ್ಲ. ಅದೇ ಪ್ರಸಂಗದ ಎರಡನೇ ಭಾಗವನ್ನು ಮರುವರ್ಷವೇ ಆಡಿಸುವುದಿಲ್ಲ ಅಂದರು, ಅಷ್ಟೇ. ಸರದಿಯ ಲೆಕ್ಕ ಹಿಡಿದರೆ 2022ರ ನಂತರ ಈಗ ಪಾಳಿ ಇನ್ಫಿನಿಟಿ ವಾರ್ಡ್‌ನದ್ದು, ಅಂದರೆ ಮಾಡರ್ನ್ ವಾರ್‌ಫೇರ್ ಮನೆತನದ್ದು.

ಈ ಸಲ ಪೇಟೆಯಲ್ಲಿ ಇನ್ನೊಬ್ಬ ದೊಡ್ಡವನೂ ಇದ್ದಾನೆ. ಜಿಟಿಎ 6ಕ್ಕೆ ರಾಕ್‌ಸ್ಟಾರ್ ಘೋಷಿಸಿದ ದಿನ 2026ರ ನವೆಂಬರ್ 19. ಅದೇ ರಾಕ್‌ಸ್ಟಾರ್ 2019ರಲ್ಲಿ ನಮ್ಮ ಬೆಂಗಳೂರಿನ ಧ್ರುವ ಇಂಟರಾಕ್ಟಿವ್ ಅನ್ನು ಕೊಂಡುಕೊಂಡದ್ದು ನಿಮಗೆ ನೆನಪಿರಬಹುದು. 1997ರಲ್ಲಿ ಶುರುವಾದ ಧ್ರುವ, ಭಾರತದ ಮೊದಮೊದಲ ಗೇಮ್ ಕಂಪನಿಗಳಲ್ಲಿ ಒಂದು. ಅಂತೂ ವರ್ಷದ ಕೊನೆಗೆ ಎರಡು ದೊಡ್ಡ ಆಟ ಒಂದೇ ಸಂಬಳದ ಮೇಲೆ ಕಣ್ಣಿಡುತ್ತವೆ.

ಡ್ಯಾಮಿನ ಹೆಸರು ವಾರಾಹಿ

ಈಗ ನನ್ನ ಮುಖ್ಯ ವಿಷಯಕ್ಕೆ ಬರ್ತೇನೆ. ನಾವು ಐದು ಜನ. ಇಬ್ಬರು ಬೆಂಗಳೂರಿನಲ್ಲಿ ಸಾಫ್ಟ್‌ವೇರ್. ಒಬ್ಬ ಮುಂಬೈಯಲ್ಲಿ ಅಪ್ಪನ ಹೋಟೆಲಿನ ಗಲ್ಲದಲ್ಲಿ. ಒಬ್ಬ ಬ್ರಹ್ಮಾವರದಲ್ಲಿ, ಒಬ್ಬ ಬೈಂದೂರಿನಲ್ಲಿ ಸ್ವಂತ ಅಂಗಡಿ. ಹಗಲಿಡೀ ಒಬ್ಬ ಇಂಗ್ಲಿಷಿನಲ್ಲಿ ಮೀಟಿಂಗ್ ಮಾಡ್ತಾನೆ, ಇನ್ನೊಬ್ಬ ಹಿಂದಿಯಲ್ಲಿ ಬಿಲ್ ಹೇಳ್ತಾನೆ. ರಾತ್ರಿ ಹೆಡ್‌ಸೆಟ್ ಹಾಕಿದ ಮೇಲೆ ಮಾತ್ರ ಶುದ್ಧ ಕುಂದಾಪ್ರ ಕನ್ನಡ. "ಬಲ್ಬದಿ ಮಾಡಿನ್ ಮೇಲೆ ಒಬ್ಬ ಇದ್ದ, ಕಾಣ್!" ಅಂತ ಕೂಗಿದರೆ ಎದುರಾಳಿಗೆ ಯಾವ ಗುಟ್ಟೂ ಗೊತ್ತಾಗುವುದಿಲ್ಲ, ಮಾರಾಯ್ರೆ.

ವಾರ್‌ಝೋನ್‌ನ ಮೊದಲ ಮ್ಯಾಪ್ ವರ್ಡಾನ್ಸ್ಕ್. ಯಾವುದೋ ಊಹೆಯ ದೇಶದ ಊಹೆಯ ಪಟ್ಟಣ. ಅಲ್ಲಿಯ ಡ್ಯಾಮಿಗೆ ನಾವಿಟ್ಟ ಹೆಸರು ವಾರಾಹಿ. ಪೋರ್ಟಿಗೆ ಗಂಗೊಳ್ಳಿ. ಸ್ಟೇಡಿಯಂಗೆ ಗಾಂಧಿ ಮೈದಾನ. ಲಾಕ್‌ಡೌನ್‌ನಲ್ಲಿ ಊರಿಗೆ ಹೋಗಲಾಗದ ತಿಂಗಳುಗಳಲ್ಲಿ ನಾವು ದಿನಾ ಗಂಗೊಳ್ಳಿಯಲ್ಲಿ ಇಳಿಯುತ್ತಿದ್ದೆವು.

2021ರ ಡಿಸೆಂಬರ್‌ನಲ್ಲಿ ಕಂಪನಿ ಆ ಮ್ಯಾಪನ್ನೇ ತೆಗೆದು ಹಾಕಿ ಕಾಲ್ಡೆರಾ ಎಂಬ ಹೊಸ ದ್ವೀಪ ತಂದಿತು. ಹೊಸದು ಚಂದವೇ ಇತ್ತು. ಆದರೆ ಅಲ್ಲಿ ನಮ್ಮ ವಾರಾಹಿ ಇಲ್ಲ, ಗಂಗೊಳ್ಳಿ ಇಲ್ಲ. ಒಬ್ಬೊಬ್ಬರೇ ಬರುವುದು ಕಮ್ಮಿಯಾಯಿತು. ಜಗತ್ತಿನ ಬೇರೆ ಬೇರೆ ಕಡೆಯವರಿಗೂ ಇದೇ ಅನಿಸಿರಬೇಕು. ಹಳೇ ಮ್ಯಾಪ್ ಬೇಕು ಅಂತ ವರ್ಷಗಟ್ಟಲೆ ಕೇಳಿದರು. ಕಡೆಗೆ 2025ರ ಏಪ್ರಿಲ್ 3ಕ್ಕೆ ವರ್ಡಾನ್ಸ್ಕ್ ವಾಪಸ್ ಬಂತು. ಹೊಸತನ್ನು ಮಾರುವುದೇ ಕಸುಬಾದ ಕಂಪನಿಗೆ ಆ ವರ್ಷ ಎದ್ದು ಕಂಡ ಸುದ್ದಿ ಐದು ವರ್ಷ ಹಳೆಯ ಮ್ಯಾಪಿನದ್ದು. ಆಡುವವರು ಗ್ರಾಫಿಕ್ಸ್‌ಗಿಂತ ಹೆಚ್ಚಾಗಿ ಪರಿಚಯದ ಜಾಗ, ಪರಿಚಯದ ದನಿ ಹುಡುಕುತ್ತಾರೆ ಅನ್ನುವುದಕ್ಕೆ ಇದಕ್ಕಿಂತ ಸಾಕ್ಷಿ ಬೇಕಾ?

ಐದನೆಯವನ ಸಮಸ್ಯೆ

ಬೈಂದೂರಿನ ದೋಸ್ತನ ಹತ್ತಿರ ಇರುವುದು ಫೋನ್ ಮಾತ್ರ. ಗೇಮಿಂಗ್ ಪಿಸಿಗೆ ಹಾಕುವ ದುಡ್ಡು ಅಂಗಡಿಯ ಸ್ಟಾಕಿಗೆ ಹೋಗುತ್ತದೆ, ಅದೇ ಸರಿ ಕೂಡ. 2019ರಿಂದ ಪಿಸಿ, ಪ್ಲೇಸ್ಟೇಷನ್, ಎಕ್ಸ್‌ಬಾಕ್ಸ್ ಮೂರರವರೂ ಒಟ್ಟಿಗೆ ಆಡಬಹುದು. ಫೋನಿನವ ಮಾತ್ರ ಹೊರಗೆ.

2024ರ ಮಾರ್ಚ್‌ನಲ್ಲಿ ವಾರ್‌ಝೋನ್ ಮೊಬೈಲ್ ಬಂದಾಗ ಅವನಿಗೆ ಖುಷಿಯೋ ಖುಷಿ. ಅದೇ ವರ್ಡಾನ್ಸ್ಕ್, ಕೈಯಲ್ಲೇ. ಪಿಸಿಯವರ ಜೊತೆ ಆಡಲಾಗದಿದ್ದರೂ ಒಂದೇ ಅಕೌಂಟ್, ಒಂದೇ ಮ್ಯಾಪ್. ಆದರೆ ಫೋನ್ ಇಸ್ತ್ರಿಪೆಟ್ಟಿಗೆಯ ಹಾಗೆ ಬಿಸಿಯಾಗುತ್ತಿತ್ತು. 2025ರ ಮೇ 18ಕ್ಕೆ ಅದನ್ನು ಆಪ್ ಸ್ಟೋರ್‌ಗಳಿಂದಲೇ ತೆಗೆದರು. ಹೊಸ ಸೀಸನ್ ಇಲ್ಲ, ಕೊಂಡದ್ದಕ್ಕೆ ರೀಫಂಡ್ ಇಲ್ಲ. ಒಂದು ವರ್ಷ ಎರಡು ತಿಂಗಳ ಆಯುಷ್ಯ.

ಇದು ನಮ್ಮವರಿಗೆ ಹೊಸ ಅನುಭವವೇನಲ್ಲ. 2020ರ ಸೆಪ್ಟೆಂಬರ್ 2ಕ್ಕೆ ಪಬ್‌ಜಿ ಮೊಬೈಲ್ ನಿಷೇಧ ಆದಾಗ ಎಷ್ಟು ಸ್ಕ್ವಾಡ್‌ಗಳು ಒಂದೇ ರಾತ್ರಿಗೆ ಚದುರಿದವು! ಎರಡು ದಿನದ ಮೇಲೆ ಬೆಂಗಳೂರಿನ ಎನ್‌ಕೋರ್ ಗೇಮ್ಸ್‌ನ ಫೌಜಿ ಘೋಷಣೆ ಆಯಿತು. 2021ರ ಗಣರಾಜ್ಯೋತ್ಸವದಂದು ಬಂದೂ ಬಂತು. ಆದರೆ ಶುರುವಿನಲ್ಲಿ ಅದು ಗಾಲ್ವಾನ್ ಕಣಿವೆಯಲ್ಲಿ ಒಬ್ಬನೇ ಕೈಕೈ ಮಿಲಾಯಿಸುವ ಆಟ. ಸ್ನೇಹಿತರು ಸೇರುವ ಜಗಲಿ ಆಗಲಿಲ್ಲ. 2021ರ ಜುಲೈಯಲ್ಲಿ ಬಿಜಿಎಂಐ ಆಗಿ ಪಬ್‌ಜಿ ಮರಳಿತು, ಮರುವರ್ಷ ಮತ್ತೆ ಮಾಯ, 2023ರಲ್ಲಿ ಮತ್ತೆ ಹಾಜರ್. ಪ್ರತಿ ಸಲವೂ ಮರಳಿ ಬಂದವರ ಲೆಕ್ಕದಲ್ಲಿ ಒಬ್ಬಿಬ್ಬರು ಕಮ್ಮಿ.

ಸಾಫ್ಟ್‌ವೇರ್ ಕೆಲಸದವನಾಗಿ ಒಂದು ಮಾತು: ಆನ್‌ಲೈನ್ ಆಟವನ್ನು ನಾವು ಕೊಳ್ಳುವುದಿಲ್ಲ, ಬಾಡಿಗೆಗೆ ಹಿಡಿಯುತ್ತೇವೆ. ಸರ್ವರ್ ಓಡುವ ತನಕ ಮಾತ್ರ ಆಟ ನಮ್ಮದು. ಸರ್ವರಿನ ಖರ್ಚು ಹುಟ್ಟದ ದಿನ ಯಾರೋ ಒಂದು ಸ್ಪ್ರೆಡ್‌ಶೀಟ್ ನೋಡಿ ಸ್ವಿಚ್ ಆಫ್ ಮಾಡುತ್ತಾರೆ. ನಿಮ್ಮ ಡ್ಯಾಮಿಗೆ ನೀವಿಟ್ಟ ಹೆಸರು ಆ ಶೀಟಿನ ಯಾವ ಕಾಲಂನಲ್ಲೂ ಇರುವುದಿಲ್ಲ.

ಹಾಗಾದರೆ ಕೊಳ್ಳುವುದಾ?

ಲೆಕ್ಕ ಹಾಕೋಣ. ಅಮೆರಿಕದಲ್ಲಿ ಹೊಸ ಕಾಲ್ ಆಫ್ ಡ್ಯೂಟಿಗೆ 70 ಡಾಲರ್, ನಮ್ಮಲ್ಲೂ ಐದು ಸಾವಿರದ ಆಸುಪಾಸು. ಜಾಗದ ಲೆಕ್ಕ ಬೇರೆ. 2019ರ ಮಾಡರ್ನ್ ವಾರ್‌ಫೇರ್ ಒಂದು ಹಂತದಲ್ಲಿ ಪಿಸಿಯಲ್ಲಿ 200 ಜಿಬಿ ದಾಟಿತ್ತು. ಊರಿನ ಮನೆಯಲ್ಲಿ ಫೋನ್ ಹಾಟ್‌ಸ್ಪಾಟ್ ನಂಬಿಕೊಂಡು ಅದನ್ನು ಇಳಿಸಲು ಹೊರಟರೆ ಪತ್ತನಾಜೆ ಬಂದರೂ ಮುಗಿಯುವುದಿಲ್ಲ. ಬ್ಲ್ಯಾಕ್ ಆಪ್ಸ್ 7ಕ್ಕೆ ಪಿಸಿಯಲ್ಲಿ ಟಿಪಿಎಂ 2.0, ಸೆಕ್ಯೂರ್ ಬೂಟ್ ಎರಡೂ ಆನ್ ಇರಲೇಬೇಕು. ಮೋಸದ ಆಟಗಾರರನ್ನು ತಡೆಯಲು ಈ ವ್ಯವಸ್ಥೆ. ಹಳೇ ಪಿಸಿ ಇದ್ದವರು ದುಡ್ಡು ಕೊಡುವ ಮೊದಲು ಇದನ್ನು ನೋಡಿಕೊಳ್ಳಿ. ಆಫೀಸ್ ಲ್ಯಾಪ್‌ಟಾಪಿನ ಬಯೋಸ್‌ಗೆ ಮಾತ್ರ ಕೈ ಹಾಕಬೇಡಿ, ದಯವಿಟ್ಟು.

ದುಡ್ಡಿಗಿಂತ ದುಬಾರಿ ಇನ್ನೊಂದಿದೆ, ಬ್ಯಾಟಲ್ ಪಾಸ್. ಹೆಚ್ಚು ಕಮ್ಮಿ ಎರಡು ತಿಂಗಳಿಗೊಂದು ಸೀಸನ್, ಅದರೊಳಗೆ ಮುಗಿಸದಿದ್ದರೆ ಬಹುಮಾನ ಕೈತಪ್ಪುತ್ತದೆ ಅಂತ ಒಂದು ಹೆದರಿಕೆ. ಹಗಲು ಆಫೀಸಿನಲ್ಲಿ ಸ್ಪ್ರಿಂಟ್ ಮುಗಿಸಿ, ರಾತ್ರಿ ಆಟದಲ್ಲೂ ಡೆಡ್‌ಲೈನ್ ಇಟ್ಟುಕೊಂಡರೆ ಅದು ಎರಡನೇ ನೌಕರಿ. ಈ ನೌಕರಿಗೆ ಸಂಬಳ ನಾವೇ ಕೊಡಬೇಕು.

ಮನೆಯಲ್ಲಿ ಹಿರಿಯರು ಕೇಳುವ ಪ್ರಶ್ನೆಗೂ ಉತ್ತರ ಹೇಳಿಬಿಡ್ತೇನೆ. "ಆನ್‌ಲೈನ್ ಗೇಮ್ ಬ್ಯಾನ್ ಆಯ್ತಲ್ದಾ ಮಗಾ?" 2025ರ ಆಗಸ್ಟ್‌ನಲ್ಲಿ ಬಂದ ಕೇಂದ್ರದ ಕಾನೂನು ನಿಷೇಧಿಸಿದ್ದು ದುಡ್ಡು ಕಟ್ಟಿ ಆಡುವ ಆಟಗಳನ್ನು. ಇ-ಸ್ಪೋರ್ಟ್ಸ್‌ಗೆ ಅದೇ ಕಾನೂನು ಮಾನ್ಯತೆ ಕೊಟ್ಟಿದೆ. ಕಾಲ್ ಆಫ್ ಡ್ಯೂಟಿ ಜೂಜಿನ ಪಟ್ಟಿಗೆ ಸೇರುವುದಿಲ್ಲ. ಆದರೆ ದೊಡ್ಡ ಆಟಗಳಿಗೆ ಅಮೆರಿಕದಲ್ಲಿ 17 ವರ್ಷ ಮೇಲ್ಪಟ್ಟವರಿಗೆ ಎಂಬ ರೇಟಿಂಗ್ ಇದೆ. ರಜೆಗೆ ಬಂದ ಸಣ್ಣ ಮಕ್ಕಳ ಕೈಗೆ ಕೊಡುವ ಆಟ ಅಲ್ಲ.

ನಾವು ಐದು ಜನ ಮಾಡಿಕೊಂಡ ಏರ್ಪಾಡು ಹೀಗಿದೆ. ಶುಕ್ರವಾರ ರಾತ್ರಿ ಕಾಲ್ ಆಫ್ ಡ್ಯೂಟಿ ಮೊಬೈಲ್. 2019ರ ಅಕ್ಟೋಬರ್‌ನಲ್ಲಿ ಬಂದದ್ದು, ಈಗಲೂ ಓಡುತ್ತಿದೆ, ಉಚಿತ, ಎಲ್ಲರ ಫೋನಿಗೂ ಆಗುತ್ತದೆ. ವಾರ್‌ಝೋನ್ ಸ್ಕ್ವಾಡಿಗೆ ನಾಲ್ಕೇ ಜನ. ಇದರ ಮಲ್ಟಿಪ್ಲೇಯರ್‌ನಲ್ಲಿ ಒಂದು ಕಡೆಗೆ ಐದು ಜನ. ನಮಗೆ ಸರಿಯಾಗಿ ಹೊಂದಿತು. ಪಿಸಿಯ ದೊಡ್ಡ ಸ್ಕ್ರೀನ್ ಬಿಟ್ಟು ಆರಿಂಚಿನ ಗಾಜಿನ ಮೇಲೆ ಹೆಬ್ಬೆರಳು ಉಜ್ಜುವುದು ಬೆಂಗಳೂರಿನ ನಮ್ಮಿಬ್ಬರಿಗೆ ಸ್ವಲ್ಪ ಕಿರಿಕಿರಿಯೇ. ಆದರೆ ಐದನೆಯವ ಇದ್ದಾನೆ. ಹೊಸ ಆಟವನ್ನು ಬಿಡುಗಡೆಯ ದಿನ ಯಾರೂ ಕೊಳ್ಳುವುದಿಲ್ಲ. ಬೆಲೆ ಇಳಿದ ಮೇಲೆ, ಕನಿಷ್ಠ ಮೂವರಿಗೆ ಬೇಕು ಅನಿಸಿದರೆ ಮಾತ್ರ. ಒಬ್ಬನೇ ಕೊಂಡರೆ ಅವನು ಒಬ್ಬನೇ ಆಡುತ್ತಾನೆ, ಗ್ರೂಪು ಅಲ್ಲಿಗೆ ಒಡೆಯುತ್ತದೆ.

ಮೂವತ್ತು ದಾಟುವ ಹೊತ್ತಿಗೆ ಸ್ನೇಹಿತರನ್ನು ಕಳೆದುಕೊಳ್ಳಲು ಜಗಳವೇ ಆಗಬೇಕಂತಿಲ್ಲ. ಸಾಮಾನ್ಯ ಕೆಲಸ ಒಂದು ಇಲ್ಲದಿದ್ದರೆ ಸಾಕು. "ಹೆಂಗಿದ್ದೆ?" "ಲಾಯ್ಕಿದ್ದೆ" ಅನ್ನುವಲ್ಲಿಗೆ ಫೋನ್ ಮುಗಿಯುತ್ತದೆ. ಆಟ ಇದ್ದರೆ ಎರಡು ಪಂದ್ಯದ ನಡುವೆ ಅಪ್ಪನ ಶುಗರ್, ಮನೆಯ ಸಾಲ, ಸಿಗದ ಸಂಬಂಧ ಎಲ್ಲ ತಾನಾಗಿ ಹೊರಗೆ ಬರುತ್ತದೆ. ಮುಖ ನೋಡಿ ಹೇಳಲಾಗದ್ದನ್ನು ಬಂದೂಕಿಗೆ ಗುಂಡು ತುಂಬುವ ಗ್ಯಾಪಿನಲ್ಲಿ ಹೇಳಬಹುದು.

ಹಾಗಾಗಿ ಈ ವರ್ಷದ ಟ್ರೇಲರ್ ಬಂದಾಗ ನೋಡಿ, ಖುಷಿಪಡಿ. ಆಮೇಲೆ ಕಾರ್ಡ್ ತೆಗೆಯುವ ಮೊದಲು ನಿಮ್ಮ ಗ್ರೂಪಿನಲ್ಲಿ ಒಂದೇ ಪ್ರಶ್ನೆ ಹಾಕಿ: "ಯಾರೆಲ್ಲ ಬತ್ರಿ?" ಉತ್ತರ ಎಷ್ಟು ಬಂತು ಅಂತ ನೋಡಿಕೊಂಡು ನಿರ್ಧಾರ ಮಾಡಿ. ನಿಮ್ಮ ಗ್ರೂಪಿನ ಐದನೆಯವ ಯಾರು, ಅವನಿಗಾಗಿ ನೀವೇನು ಬಿಟ್ಟುಕೊಟ್ಟಿರಿ ಅಂತ ನನಗೂ ಬರೆದು ತಿಳಿಸಿ. ಕಾಂಬ.