ವಾರಂಟಿಗೆ ಸಹಿ ಹಾಕಿದವರು ಯಾರು?

ಆರ್ಥಿಕ ಅಪರಾಧಗಳನ್ನು ಬೆನ್ನಟ್ಟಿದ ಪೊಲೀಸ್ ಅಧಿಕಾರಿ ನಿವೃತ್ತರಾದರೆ, ಹಿಡಿದ ಹಣ ಮತ್ತು ಬಂಧಿಸಿದ ಆಸಾಮಿಗಳ ಲೆಕ್ಕ ಸುದ್ದಿಯಾಗುತ್ತದೆ. ಎಷ್ಟು ಪ್ರಕರಣ ಕೋರ್ಟಿನಲ್ಲಿ ನಿಂತವು ಎಂದು ಕೇಳುವವರಿಲ್ಲ. ಕೇಳಿದರೆ ಏನು ಕಾಣುತ್ತದೆ ಎಂಬುದಕ್ಕೆ ಒಂದು ಉದಾಹರಣೆ: ಐರ್ಲೆಂಡಿನ ಕಾರ್ಕ್ ನಗರದಿಂದ ಪಶ್ಚಿಮಕ್ಕೆ ಹೋದರೆ ಫಾರನ್ ಎಂಬ ಹಳ್ಳಿ ಸಿಗುತ್ತದೆ. 2004ರ ಡಿಸೆಂಬರಿನಲ್ಲಿ ಬೆಲ್‌ಫಾಸ್ಟಿನ ನಾರ್ದರ್ನ್ ಬ್ಯಾಂಕಿನಿಂದ 2.65 ಕೋಟಿ ಪೌಂಡ್ ದರೋಡೆಯಾಯಿತು. ಎರಡು ತಿಂಗಳಲ್ಲಿ ಫಾರನ್‌ನ ಮನೆಯೊಂದರಲ್ಲಿ ಪೊಲೀಸರಿಗೆ 20 ಲಕ್ಷ ಪೌಂಡಿಗೂ ಹೆಚ್ಚು ನಗದು ಸಿಕ್ಕಿತು. 2009ರಲ್ಲಿ ಮನೆಯೊಡೆಯನಿಗೆ ಹತ್ತು ವರ್ಷ ಜೈಲು ಶಿಕ್ಷೆ. ಆದರೆ 2012ರಲ್ಲಿ ಅಲ್ಲಿನ ಸುಪ್ರೀಂ ಕೋರ್ಟ್ ಬೇರೊಂದು ಪ್ರಕರಣದಲ್ಲಿ, ತನಿಖೆಯಲ್ಲಿ ತೊಡಗಿದ ಪೊಲೀಸ್ ಅಧಿಕಾರಿಯೇ ಶೋಧನಾ ವಾರಂಟ್ ಕೊಡುವುದು ಸಂವಿಧಾನಬಾಹಿರ ಎಂದಿತು. ಈ ಮನೆಯ ಶೋಧವೂ ಅಂಥದೇ ವಾರಂಟಿನಿಂದ ನಡೆದಿದ್ದರಿಂದ ಫಾರನ್‌ ಪ್ರಕರಣದ ಶಿಕ್ಷೆಯೂ ಬಿದ್ದುಹೋಯಿತು. 2014ರಲ್ಲಿ ಆತ ಎರಡು ಆರೋಪಗಳನ್ನು ಒಪ್ಪಿಕೊಂಡ, ಜೈಲಿಗೆ ಹೋಗಲಿಲ್ಲ.

ಹಣ ಕಣ್ಣೆದುರೇ ಬಿದ್ದಿರುವಾಗ ಸಹಿಯ ತಕರಾರು ಯಾಕೆ ಎಂದು ಓದುಗರು ಸಿಟ್ಟಾಗಬಹುದು. ಸಿಟ್ಟು ನ್ಯಾಯವಾದದ್ದೇ. ಆದರೆ ತಾನೇ ಶಂಕಿಸಿ, ತಾನೇ ಅಪ್ಪಣೆ ಕೊಟ್ಟುಕೊಂಡು ಬಾಗಿಲು ತಟ್ಟುವ ಅಧಿಕಾರ ನಾಳೆ ಯಾವ ನಿರಪರಾಧಿ ವ್ಯಾಪಾರಿಯ ಮನೆಗೂ ಬರಬಹುದು. ಮೇಲಾಗಿ ಇಂಥ ಆರೋಪಿಗಳ ಬಳಿ ವಕೀಲರಿಗೆ ಕೊಡಲು ದುಡ್ಡಿರುತ್ತದೆ, ಕಡತದ ಒಂದು ತೂತೂ ಅವರ ಕಣ್ಣಿಗೆ ಬೀಳದೆ ಹೋಗುವುದಿಲ್ಲ. ಆಂಗ್ಲೋ ಐರಿಷ್ ಬ್ಯಾಂಕಿನ ಮಾಜಿ ಅಧ್ಯಕ್ಷ ಶಾನ್ ಫಿಟ್ಜ್‌ಪ್ಯಾಟ್ರಿಕ್ 2017ರಲ್ಲಿ ಖುಲಾಸೆಯಾದದ್ದು ಹೀಗೆಯೇ: ತನಿಖೆ ನಡೆಸಿದ ಕಂಪನಿ ಕಾನೂನು ಕಚೇರಿಯವರು ಸಾಕ್ಷಿಗಳಿಗೆ ಹೇಳಿಕೊಟ್ಟಿದ್ದರು, ದಾಖಲೆ ಚೂರು ಮಾಡಿದ್ದರು. 126 ದಿನಗಳ ವಿಚಾರಣೆ ನೀರಿನಲ್ಲಿ ಹೋಮ ಮಾಡಿದಂತಾಯಿತು.

ದಿಟ್ಟ ಅಧಿಕಾರಿಯಿಲ್ಲದೆ ಏನೂ ಅಲ್ಲಾಡದು ಎಂಬ ಮಾತೂ ಸುಳ್ಳಲ್ಲ. ನಮ್ಮ ಕರ್ನಾಟಕದಲ್ಲೇ 2011ರ ಲೋಕಾಯುಕ್ತ ಗಣಿ ವರದಿಯ ಹಿಂದೆ ಅರಣ್ಯಾಧಿಕಾರಿ ಯು.ವಿ. ಸಿಂಗ್ ಅವರ ದುಡಿಮೆ ಇಲ್ಲದಿದ್ದರೆ 16,085 ಕೋಟಿ ರೂಪಾಯಿ ನಷ್ಟದ ಲೆಕ್ಕ ನಮ್ಮೆದುರು ಬರುತ್ತಿರಲಿಲ್ಲ. ಆದರೆ ವರದಿ ಬೇರೆ, ಶಿಕ್ಷೆ ಬೇರೆ. ಬೇಲೆಕೇರಿ ಬಂದರಿನಲ್ಲಿ 2010ರಲ್ಲಿ ಜಪ್ತಿಯಾದ ಅದಿರು ಮಾಯವಾಯಿತು. ವಿಚಾರಣಾ ನ್ಯಾಯಾಲಯ ಶಿಕ್ಷೆ ವಿಧಿಸಿದ್ದು 2024ರ ಅಕ್ಟೋಬರಿನಲ್ಲಿ, ಆ ಶಿಕ್ಷೆಯನ್ನು ಹೈಕೋರ್ಟ್ ಮರುತಿಂಗಳೇ ಅಮಾನತಿನಲ್ಲಿಟ್ಟಿತು. ಹದಿನಾಲ್ಕು ವರ್ಷದಲ್ಲಿ ಎಷ್ಟು ತನಿಖಾಧಿಕಾರಿಗಳು ವರ್ಗವಾಗುತ್ತಾರೆ, ಎಷ್ಟು ಮಂದಿ ಪಿಂಚಣಿ ಪಡೆಯುತ್ತಾರೆ! ಕಡತ ಮಾತ್ರ ಉಳಿಯುತ್ತದೆ, ಅದನ್ನು ಓದಬಲ್ಲವರು ಉಳಿಯುವುದಿಲ್ಲ.

ಪತ್ರಕರ್ತೆ ವೆರೋನಿಕಾ ಗೆರಿನ್ ಕೊಲೆಯಾದ 1996ರಲ್ಲೇ ಐರ್ಲೆಂಡ್ ಅಪರಾಧದಿಂದ ಗಳಿಸಿದ ಆಸ್ತಿಯನ್ನು ಜಪ್ತಿ ಮಾಡುವ ಕ್ರಿಮಿನಲ್ ಅಸೆಟ್ಸ್ ಬ್ಯೂರೋ ಕಟ್ಟಿತು. ಪೊಲೀಸರು, ತೆರಿಗೆಯವರು, ಸಮಾಜ ಕಲ್ಯಾಣ ಇಲಾಖೆಯವರು ಅಲ್ಲಿ ಒಂದೇ ಸೂರಿನಡಿ ಕೂರುತ್ತಾರೆ. ಒಬ್ಬರು ನಿವೃತ್ತರಾದರೂ ಪಕ್ಕದ ಮೇಜಿನವರಿಗೆ ಪ್ರಕರಣ ಗೊತ್ತಿರುತ್ತದೆ. ನಮ್ಮ ಗೃಹ ಇಲಾಖೆ ಮುಂದಿನ ವರ್ಗಾವಣೆ ಪಟ್ಟಿ ಹೊರಡಿಸುವ ಮುನ್ನ ಇಷ್ಟಾದರೂ ಮಾಡಲಿ: ದೊಡ್ಡ ಆರ್ಥಿಕ ಪ್ರಕರಣಗಳ ತನಿಖಾ ತಂಡವನ್ನು ದೋಷಾರೋಪ ಪಟ್ಟಿ ಸಲ್ಲಿಕೆಯಾಗುವವರೆಗೆ ಕದಲಿಸದಿರಲಿ, ಮೊದಲ ದಿನದಿಂದಲೇ ಅದರೊಳಗೆ ಒಬ್ಬ ಲೆಕ್ಕಪರಿಶೋಧಕರನ್ನೂ ಒಬ್ಬ ಸರ್ಕಾರಿ ಅಭಿಯೋಜಕರನ್ನೂ ಕೂರಿಸಲಿ.