‘ಇಲ್ಲ’ವೆಂಬ ಎರಡಕ್ಷರ

ಕಳೆದ ಗಣೇಶೋತ್ಸವ ಮುಗಿದ ವಾರ ಅಂಧೇರಿಯ ನನ್ನ ಮನೆಗೆ ನಮ್ಮ ಜಿಲ್ಲೆಯವರೊಬ್ಬರು ಮಗನೊಡನೆ ಬಂದರು. ಮರೋಳ್‌ನ ಹೊಟೇಲೊಂದರಲ್ಲಿ ಮೂವತ್ತು ವರ್ಷ ದುಡಿದವರು. ಹುಡುಗ ಕೇಂದ್ರ ಸರಕಾರದ ಹುದ್ದೆಗೆ ಆಯ್ಕೆಯಾಗಿದ್ದ. ಕೈಯಲ್ಲಿ ಅಟೆಸ್ಟೇಶನ್ ಫಾರ್ಮು. ಊರಿನಲ್ಲಿ ಓದುತ್ತಿದ್ದಾಗ ನಡೆದ ಹೊಡೆದಾಟವೊಂದರಲ್ಲಿ ಅವನ ಹೆಸರೂ ಸೇರಿ, ಮೊಕದ್ದಮೆ ರಾಜಿಯಲ್ಲಿ ಮುಗಿದಿತ್ತು. “ಸಾಹೇಬರೆ, ‘ಇಲ್ಲ’ ಎಂದೇ ಬರೆಯಲಿ ಅನ್ನುತ್ತಾರೆ ನಮ್ಮವರೆಲ್ಲ. ಊರ ಠಾಣೆಯ ಸುದ್ದಿ ಮುಂಬಯಿಗೆ ಯಾರು ತರುತ್ತಾರೆ?” ಎಂದರು ತಂದೆ.

ಈ ‘ನಮ್ಮವರ’ ಬುದ್ಧಿವಾದದ ಮೇಲೆಯೇ ನನ್ನ ತಕರಾರು. ಅದರ ಹಿಂದೆ ಪ್ರೀತಿಯಿದೆ, ನಿಜ. ಆದರೆ ನೌಕರಿ ಉಳಿಸಹೊರಟ ಆ ಪ್ರೀತಿಯೇ ನೌಕರಿಯನ್ನು ನುಂಗುತ್ತದೆ.

ಆ ಫಾರ್ಮು ‘ನೀನು ಅಪರಾಧಿಯೇ?’ ಎಂದಷ್ಟೇ ಕೇಳುವುದಿಲ್ಲ. ಎಂದಾದರೂ ಬಂಧನಕ್ಕೊಳಗಾಗಿದ್ದೆಯಾ, ವಿಚಾರಣೆ ಎದುರಿಸಿದ್ದೆಯಾ, ದಂಡ ತೆತ್ತಿದ್ದೆಯಾ ಎಂದು ಕೇಳುತ್ತದೆ. ರಾಜಿಯಾದ ಮೊಕದ್ದಮೆ ಕಾನೂನಿನ ಕಣ್ಣಿಗೆ ಖುಲಾಸೆಯೇ ಇರಬಹುದು, ‘ವಿಚಾರಣೆ ನಡೆದಿತ್ತೇ?’ ಎಂಬುದಕ್ಕೆ ಉತ್ತರ ಮಾತ್ರ ‘ಹೌದು’. ಹಿಂದಿನ ಐದು ವರ್ಷಗಳಲ್ಲಿ ವರ್ಷಕ್ಕೆ ಮೀರಿ ನೆಲೆಸಿದ ಊರುಗಳನ್ನೂ ಅದೇ ಫಾರ್ಮು ಬರೆಸಿಕೊಳ್ಳುತ್ತದೆ. ವಿಚಾರಣೆಯ ಕಾಗದ ಅಲ್ಲಿಗೂ ಹೋಗುತ್ತದೆ. ರಾಜ್ಯದ ಗಡಿ ದಾಟಿ ಬಂದೊಡನೆ ಹಳೆಯ ಕಡತ ಹಿಂದುಳಿಯಿತೆಂಬುದು ಹೊರನಾಡಿನವರಾದ ನಮ್ಮ ಭ್ರಮೆ.

ಭಾಷೆಯ ನೆಪವೂ ನಡೆಯದು. ಕೇಂದ್ರೀಯ ವಿದ್ಯಾಲಯದ ದೈಹಿಕ ಶಿಕ್ಷಕರೊಬ್ಬರು ಮೊಕದ್ದಮೆಯನ್ನು ಮುಚ್ಚಿಟ್ಟರು. ಹಿಂದಿ ಮಾಧ್ಯಮದಲ್ಲಿ ಓದಿದ್ದರಿಂದ ಇಂಗ್ಲಿಷ್ ಪ್ರಶ್ನೆ ಅರ್ಥವಾಗಲಿಲ್ಲವೆಂಬ ಸಮರ್ಥನೆಯನ್ನು ಸುಪ್ರೀಂ ಕೋರ್ಟು 2003ರಲ್ಲಿ ಒಪ್ಪಲಿಲ್ಲ. ಮೊಕದ್ದಮೆಯನ್ನು ಸರಕಾರವೇ ಹಿಂದೆಗೆದುಕೊಂಡಿದ್ದರೂ ನೌಕರಿ ಉಳಿಯಲಿಲ್ಲ. ಹಿಂದಿಯವರಿಗೇ ದೊರೆಯದ ವಿನಾಯಿತಿ ಕನ್ನಡ ಮಾಧ್ಯಮದ ನಮ್ಮ ಮಕ್ಕಳಿಗೆ ದೊರೆತೀತೆ?

ಹಾಗೆಂದು ನ್ಯಾಯಾಲಯ ಕಲ್ಲುಹೃದಯದ್ದಲ್ಲ. 2011ರಲ್ಲಿ ದೆಹಲಿ ಪೊಲೀಸ್ ಅಭ್ಯರ್ಥಿಯೊಬ್ಬನ ಪ್ರಕರಣದಲ್ಲಿ ನ್ಯಾಯಮೂರ್ತಿ ಮಾರ್ಕಂಡೇಯ ಕಾಟ್ಜು ಅವರ ಪೀಠ, ರೊಟ್ಟಿ ಕದ್ದು ಬಾಳೆಲ್ಲ ಕಳ್ಳನೆನಿಸಿಕೊಂಡ ವಿಕ್ಟರ್ ಹ್ಯೂಗೋನ ಜಾನ್ ವಾಲ್‌ಜಾನ್‌ನನ್ನು ನೆನೆದು, ಹರೆಯದ ತಪ್ಪನ್ನು ಮನ್ನಿಸಿತು. 2016ರ ಜುಲೈ 21ರಂದು ಮೂವರು ನ್ಯಾಯಮೂರ್ತಿಗಳ ಪೀಠ ಸೂತ್ರಗಳನ್ನೇ ಹಾಕಿಕೊಟ್ಟಿತು: ಮಾಹಿತಿ ಸತ್ಯವಾಗಿರಬೇಕು, ಚಿಕ್ಕ ವಯಸ್ಸಿನಲ್ಲಿ ಘೋಷಣೆ ಕೂಗಿದಂಥ ಕ್ಷುಲ್ಲಕ ಪ್ರಕರಣವನ್ನು ಮರೆಮಾಚಿದ್ದರೆ ಅಧಿಕಾರಿ ವಿವೇಚನೆಯಿಂದ ಮನ್ನಿಸಬಹುದು, ಪ್ರಶ್ನೆ ಅಸ್ಪಷ್ಟವಾಗಿದ್ದರೆ ಮರೆಮಾಚಿದನೆಂಬ ಆರೋಪ ನಿಲ್ಲದು. ಭಾಷೆಗಾಗಿ, ನೀರಿಗಾಗಿ ಬೀದಿಗಿಳಿದ ನಮ್ಮ ಹುಡುಗರು ಈ ಸೂತ್ರಗಳನ್ನು ಅರಿತಿರಬೇಕು.

ಆದರೆ ಅದೇ ತೀರ್ಪು ಇನ್ನೊಂದು ಮಾತನ್ನೂ ಹೇಳಿದೆ: ಸತ್ಯ ಬರೆದವನನ್ನು ನೇಮಿಸಲೇಬೇಕೆಂಬ ಬಲವಂತವಿಲ್ಲ. ಇಲ್ಲಿ ನನ್ನ ದೂರು ನನ್ನದೇ ವರ್ಗದ ಮೇಲೆ. ‘ಹೌದು’ ಎಂದು ಕಂಡೊಡನೆ ಕಡತವನ್ನು ಬದಿಗೆ ಸರಿಸಿ ಕೈತೊಳೆದುಕೊಳ್ಳುವ ಅಧಿಕಾರಿಗಳನ್ನು ನಾನು ಬಲ್ಲೆ. ವಿವೇಚನೆಗೆ ಸಹಿ ಬೇಕು, ಸಹಿಗೆ ಧೈರ್ಯ ಬೇಕು. ಹೇಡಿ ಅಧಿಕಾರಿಯೇ ಸುಳ್ಳುಗಾರ ಅಭ್ಯರ್ಥಿಯನ್ನು ಹುಟ್ಟಿಸುತ್ತಾನೆ. ಇತ್ತ ಚುನಾವಣೆಯ ಅಭ್ಯರ್ಥಿ, 2002ರ ತೀರ್ಪಿನ ತರುವಾಯ, ತನ್ನ ಮೊಕದ್ದಮೆಗಳನ್ನು ಪ್ರಮಾಣಪತ್ರದಲ್ಲಿ ಸಾಲಾಗಿ ಬರೆದುಕೊಟ್ಟು, ಗೆದ್ದು, ಮಂತ್ರಿಯೂ ಆಗಬಲ್ಲ. ಶಾಸನ ಮಾಡುವವನಿಗೆ ಅಡ್ಡಿಯಾಗದ ಬಾಕಿ ಮೊಕದ್ದಮೆ, ಮುಗಿದ ಮೇಲೂ ಗುಮಾಸ್ತನನ್ನು ಬೆನ್ನಟ್ಟಬೇಕೆ?

ಈ ಅನ್ಯಾಯಕ್ಕೆ ಸುಳ್ಳು ಮದ್ದಲ್ಲ. ಸತ್ಯ ಬರೆದು ತಿರಸ್ಕೃತನಾದವನು ನ್ಯಾಯಾಲಯದಲ್ಲಿ ತಲೆಯೆತ್ತಿ ನಿಲ್ಲಬಲ್ಲ. ಸುಳ್ಳು ಬರೆದು ಸೇರಿದವನು ನಿವೃತ್ತಿಯವರೆಗೂ ಪ್ರತಿ ಲಕೋಟೆಗೂ ಬೆಚ್ಚಬೇಕು.

ಅಂದು ಆ ಹುಡುಗ ನನ್ನೆದುರೇ ‘ಹೌದು’ ಎಂದು ಬರೆದು, ನ್ಯಾಯಾಲಯದ ಆದೇಶದ ಪ್ರತಿಯನ್ನು ಲಗತ್ತಿಸಿದ. ತಂದೆ ಮಾತಾಡದೆ ಎದ್ದುಹೋದರು. ನೇಮಕದ ಆದೇಶ ಇನ್ನೂ ಬಂದಿಲ್ಲ. ಬಾರದಿದ್ದರೆ ಅವನ ಪರವಾಗಿ ಅರ್ಜಿ ಬರೆಯುವ ಹೊಣೆ ನನ್ನದು.

ನಮ್ಮ ಸಂಘಗಳು ಸನ್ಮಾನ, ಶಾಲು, ಹಾರಗಳ ನಡುವೆ ತಿಂಗಳಿಗೊಂದು ಭಾನುವಾರ ಒಬ್ಬ ವಕೀಲರನ್ನು ಕೂರಿಸಿ, ಇಂಥ ಫಾರ್ಮುಗಳನ್ನು ಕನ್ನಡದಲ್ಲಿ ಓದಿ ಹೇಳಲಿ. ಆ ಎರಡಕ್ಷರವನ್ನು ಮಕ್ಕಳ ಕೈಯಲ್ಲಿ ಬರೆಸುವುದನ್ನು ಹಿರಿಯರು ಇನ್ನಾದರೂ ನಿಲ್ಲಿಸಲಿ.