ಪದ ಪರೀಕ್ಷೆ: ‘ಮೆಥ್’

ಈ ಸಂಚಿಕೆಯ ಪದ ‘ಮೆಥ್’. ಇಲ್ಲಿ ಅಮೆರಿಕದ ಆಡುಮಾತಿನಲ್ಲಿ ಇದು ಮೆಥಾಂಫೆಟಮಿನ್ ಎಂಬ ಮಾದಕ ದ್ರವ್ಯ. ಬ್ರಿಟನ್ನಿನಲ್ಲಿ ‘ಮೆಥ್ಸ್’ ಎಂದರೆ ಸ್ಟವ್ ಹೊತ್ತಿಸುವ ನೇರಳೆ ಸ್ಪಿರಿಟ್. 1830ರ ದಶಕದಲ್ಲಿ ಫ್ರೆಂಚ್ ರಸಾಯನಜ್ಞರಾದ ಡ್ಯೂಮಾ, ಪೆಲಿಗೊ ಅವರು ‘ಮದ್ಯ’, ‘ಮರ’ ಎಂಬರ್ಥದ ಗ್ರೀಕ್ ಪದಗಳನ್ನು ಬೆಸೆದು ಕಟ್ಟಿದ ಹೆಸರೇ ಎರಡಕ್ಕೂ ಮೂಲ.

ಈಚೆಗೆ ನಮ್ಮ ಪ್ರಯೋಗಶಾಲೆಯ ಸೀಸೆಯೊಂದರ ಮೇಲೆ ಯಾರೋ ಬರೀ ‘ಮೆಥ್’ ಎಂದು ಗೀಚಿದ್ದರು. ಮೆಥನಾಲೋ, ಮೆಥಿಲೀನ್ ಕ್ಲೋರೈಡೋ? ಮೊದಲನೆಯದು ಭಗ್ಗನೆ ಹೊತ್ತಿಕೊಳ್ಳುವಂಥದು, ಕುಡಿದರೆ ಕಣ್ಣು ಕಳೆಯುವಂಥದು. ಎರಡನೆಯದರ ಆವಿ ಮುಚ್ಚಿದ ಕೋಣೆಯಲ್ಲಿ ಪ್ರಾಣವನ್ನೇ ತೆಗೆದೀತು. ಮೂಸಿ ನೋಡುವ ಸಾಹಸಕ್ಕಿಳಿಯದೆ ಸೀಸೆಯನ್ನು ವಿಲೇವಾರಿಗೆ ಕಳಿಸಿದೆವು.

ಆಡುವಾಗ ಮೊಟಕು ನಡೆದೀತು. ಸೀಸೆಯ ಮೇಲೆ ಪೂರ್ತಿ ಹೆಸರೇ ಬೇಕು. ಅಂದಹಾಗೆ, ಇಂಗ್ಲಿಷಿನಲ್ಲಿ ಸಾಮಾನಿನ ಪಟ್ಟಿ ಬರೆಯುವಾಗ ‘ಮೇಥಿ’ಯ ಕೊನೆಯ ಅಕ್ಷರ ಮರೆಯಬೇಡಿ!